ಗುಮಾಸ್ತನ ಮೇಜಿನಿಂದ ಶುರುವಾಗುವ ಆಟ: ‘ಪ್ಲೇನ್‌ಸ್ಕೇಪ್: ಟಾರ್ಮೆಂಟ್’

ಕಂಪ್ಯೂಟರ್ ಗೇಮ್ ಅಂದರೆ ಗುಂಡು ಹಾರಿಸುವುದು, ಗಾಡಿ ಓಡಿಸುವುದು ಅಂತ ತಿಳಿದವರು ದುಡ್ಡು ಕೊಡುವ ಮೊದಲೇ ಒಂದು ವಿಷಯ ತಿಳಿದುಕೊಳ್ಳಬೇಕು. ಇದರಲ್ಲಿ ಓದುವುದೇ ಜಾಸ್ತಿ. ಒಟ್ಟು ಸುಮಾರು 8 ಲಕ್ಷ ಪದಗಳಷ್ಟು ಬರಹ ಇದೆ ಅನ್ನುತ್ತಾರೆ. ಆಡಿದ ಮೇಲೆ ನನಗೂ ಹಾಗೇ ಅನಿಸಿದೆ. ಎಲ್ಲರ ಜೊತೆ ಮಾತಾಡಬೇಕು, ಅವರು ಹೇಳಿದ್ದನ್ನು ಕೇಳಬೇಕು, ನಾವು ಏನು ಉತ್ತರ ಕೊಡಬೇಕು ಅಂತ ಆರಿಸಬೇಕು. ಹೊಡೆದಾಟ ಇದೆ, ಆದರೆ ಅದು ಆಟದ ಅತಿ ಸೊರಗಿದ ಭಾಗ. ಆ ವಿಷಯಕ್ಕೆ ಆಮೇಲೆ ಬರುತ್ತೇನೆ.

ಬ್ಲ್ಯಾಕ್ ಐಲ್ ಸ್ಟುಡಿಯೋಸ್ ಎಂಬ ಕಂಪನಿ ಇದನ್ನು 1999ರ ಡಿಸೆಂಬರ್‌ನಲ್ಲಿ ತಂದಿತು. ಆಗ 4 ಸಿಡಿಗಳಲ್ಲಿ ಬರುತ್ತಿತ್ತು. 2017ರಲ್ಲಿ ಬೀಮ್‌ಡಾಗ್ ಕಂಪನಿ ಇದನ್ನೇ ಈಗಿನ ಕಂಪ್ಯೂಟರಿಗೂ ಫೋನಿಗೂ ಹೊಂದುವಂತೆ ಮಾಡಿ ‘ಎನ್‌ಹಾನ್ಸ್‌ಡ್ ಎಡಿಷನ್’ ಅಂತ ಬಿಟ್ಟಿತು. ನಾನು ಆಡಿದ್ದು ಇದನ್ನು. ಕಥೆಯ ಲೋಕ ಮಾತ್ರ ಇನ್ನೂ ಹಳೆಯದು. ‘ಡಂಜನ್ಸ್ ಅಂಡ್ ಡ್ರ್ಯಾಗನ್ಸ್’ ಅಂತ ಮೇಜಿನ ಸುತ್ತ ಕೂತು ಆಡುವ ಆಟ ಇದೆಯಲ್ಲ, ಅದಕ್ಕಾಗಿ ಟಿಎಸ್‌ಆರ್ ಕಂಪನಿ 1994ರಲ್ಲಿ ಕಟ್ಟಿದ ಲೋಕ ಅದು.

ಆ ಲೋಕದ ನಡುವೆ ಸಿಗಿಲ್ ಅನ್ನುವ ಊರು. ಸೂಜಿಯಂಥ ಬೆಟ್ಟದ ತುದಿಯಲ್ಲಿ ಒಂದು ದೊಡ್ಡ ಉಂಗುರ, ಅದರ ಒಳಮೈಯಲ್ಲಿ ಬೀದಿ, ಮನೆ, ಸಂತೆ. ತಲೆ ಎತ್ತಿದರೆ ಆಕಾಶ ಇರಬೇಕಾದ ಜಾಗದಲ್ಲಿ ಎದುರು ಬೀದಿಯ ಮಾಳಿಗೆ ಕಾಣುತ್ತದೆ. ಅಲ್ಲಿಂದ ಎಲ್ಲ ಲೋಕಗಳಿಗೂ ಬಾಗಿಲುಗಳಿವೆ. ಊರಲ್ಲಿ 15 ಪಂಥಗಳಿವೆ. ಒಂದೊಂದು ಪಂಥಕ್ಕೂ ತನ್ನದೇ ತತ್ವ, ಜೊತೆಗೆ ಊರಿನ ಒಂದೊಂದು ಕೆಲಸವೂ ಅದರದೇ. ಕಾವಲು ಕಾಯುವವರು ಒಂದು ಪಂಥ, ಕೋರ್ಟು ನಡೆಸುವವರು ಇನ್ನೊಂದು, ಜೈಲು ನೋಡಿಕೊಳ್ಳುವವರು ಮತ್ತೊಂದು. ಹೆಣ ನೋಡಿಕೊಳ್ಳುವವರೇ ಡಸ್ಟ್‌ಮೆನ್. ಈ ವಿಮರ್ಶೆಯಲ್ಲಿ ಹೆಚ್ಚು ಮಾತು ಅವರ ಬಗ್ಗೆಯೇ. ನನ್ನ ಮಟ್ಟಿಗೆ ಇಡೀ ಆಟದಲ್ಲಿ ಹೆಚ್ಚು ಜೀವ ಇರುವುದು ಅವರಲ್ಲಿ.

ಅದಕ್ಕೆ ಕಾರಣ ಇದೆ. ನಾನು ಕಲಬುರಗಿಯಲ್ಲಿ ಜನನ ಮರಣ ನೋಂದಣಿ ಮಾಡುವ ಒಂದು ಕಚೇರಿಯಲ್ಲಿ ಡೇಟಾ ಎಂಟ್ರಿ ಕೆಲಸ ಮಾಡುತ್ತೇನೆ. ಆಸ್ಪತ್ರೆಯಿಂದ ಬಂದ ಚೀಟಿ, ಮನೆಯವರು ತಂದ ಅರ್ಜಿ ನೋಡಿ ಇ-ಜನ್ಮ ತಂತ್ರಾಂಶದಲ್ಲಿ ಹೆಸರು, ತಾರೀಖು, ವಯಸ್ಸು, ಸತ್ತ ಜಾಗ ತುಂಬುವುದು ನನ್ನ ಕೆಲಸ. ಸಾವಾದ 21 ದಿನದೊಳಗೆ ಬಂದರೆ ಸಲೀಸು. ವರ್ಷ ದಾಟಿದರೆ ಮ್ಯಾಜಿಸ್ಟ್ರೇಟರ ಆದೇಶ ತರಬೇಕು. ಸತ್ತವರ ಹೆಸರಲ್ಲಿ ಒಂದು ಅಕ್ಷರ ತಪ್ಪಿದರೂ ಹೆಂಡತಿಯ ವಿಧವಾ ವೇತನಕ್ಕೆ, ಹೊಲದ ಪಹಣಿಗೆ, ಬ್ಯಾಂಕಿನ ದುಡ್ಡಿಗೆ ತಾಪತ್ರಯ. ಅದಕ್ಕೇ ನಾವು ಹೆಸರನ್ನು ಬಾಯಿಬಿಟ್ಟು ಓದಿ, ಎದುರಿಗೆ ನಿಂತವರು ಹೂಂ ಅಂದ ಮೇಲೆಯೇ ಮುಂದಕ್ಕೆ ಹೋಗುತ್ತೇವೆ. ಈ ಕೆಲಸದ ಬಗ್ಗೆ ಯಾರೂ ಕಥೆ ಬರೆಯುವುದಿಲ್ಲ, ಸಿನಿಮಾ ತೆಗೆಯುವುದಿಲ್ಲ. ಅಂಥದ್ದರಲ್ಲಿ ಒಂದು ಆಟ ಈ ಕೆಲಸ ಮಾಡುವವನಿಂದಲೇ ಶುರುವಾಗುತ್ತದೆ.

ನನಗೆ ಇದನ್ನು ತೋರಿಸಿದ್ದು ಬಿಸಿಎ ಓದುತ್ತಿರುವ ಅಣ್ಣನ ಮಗ. “ಅತ್ತಿ, ಜರಾ ಬಾ ಇಲ್ಲಿ. ನಿನ್ನ ಆಫೀಸ್ ನೋಡು” ಅಂತ ಕರೆದ. ನೋಡಿದೆ. ಖರೆ, ನನ್ನ ಆಫೀಸೇ.

ಆಟದ ನಾಯಕ ಶವಾಗಾರದ ಕಲ್ಲಿನ ಮೇಜಿನ ಮೇಲೆ ಎಚ್ಚರವಾಗುತ್ತಾನೆ. ಅವನಿಗೆ ಹೆಸರು ಗೊತ್ತಿಲ್ಲ, ಹಿಂದಿನದು ಏನೂ ನೆನಪಿಲ್ಲ. ಮೈತುಂಬ ಗಾಯದ ಕಲೆ. ಸಾಯುತ್ತಾನೆ, ಮತ್ತೆ ಏಳುತ್ತಾನೆ, ಪ್ರತಿ ಸಲವೂ ನೆನಪು ಅಳಿಸಿಹೋಗಿರುತ್ತದೆ. ಮೋರ್ಟ್ ಅನ್ನುವ ಒಂದು ಬುರುಡೆ ಗಾಳಿಯಲ್ಲಿ ತೇಲುತ್ತ ಬಂದು ಅವನ ಬೆನ್ನಿನ ಮೇಲಿನ ಹಚ್ಚೆ ಓದಿ ಹೇಳುತ್ತದೆ. ಸುತ್ತ ಹೆಣಗಳು ಎದ್ದು ಕೆಲಸ ಮಾಡುತ್ತಿವೆ. ಅವುಗಳ ತುಟಿ ಹೊಲಿದಿದ್ದಾರೆ, ಹಣೆಯ ಮೇಲೆ ನಂಬರ್ ಕೆತ್ತಿದ್ದಾರೆ. ಬಾಗಿಲಿನ ಕೀಲಿ 782 ನಂಬರಿನ ಹೆಣದ ಕೈಯಲ್ಲಿದೆ. ಆ ನಂಬರ್ ನೋಡಿ ನನಗೆ ಹೊಟ್ಟೆ ತೊಳಸಿದಂತಾಯಿತು. ಅದು ಯಾರೋ ಒಬ್ಬರು ಆಗಿದ್ದವರು ಅಲ್ವಾ? ಹೆಸರು ಇತ್ತಲ್ವಾ?

ಆ ಹೆಸರು ಇದ್ದದ್ದು ಪಕ್ಕದ ಕೋಣೆಯಲ್ಲಿ. ಅಲ್ಲಿ ದಾಲ್ ಅನ್ನುವ ಮುದುಕ ಕೂತಿದ್ದಾನೆ. ಎದುರಿಗೆ ಅವನಿಗಿಂತ ದೊಡ್ಡದು ಅನ್ನಿಸುವ ದಫ್ತರ. ಹಳೇ ಕಾಗದದ ಬಣ್ಣಕ್ಕೆ ತಿರುಗಿದ ಮೈ, ಎದೆ ಮುಚ್ಚುವ ಬಿಳಿ ಗಡ್ಡ. ಕೆಮ್ಮುತ್ತಾನೆ, ಉಸಿರು ಸರಿಯಾಗಿ ಎಳೆದುಕೊಳ್ಳಲಾರ, ಆದರೂ ಲೇಖನಿ ನಿಲ್ಲುವುದಿಲ್ಲ. ಊರಲ್ಲಿ ಸತ್ತು ಬಂದವರನ್ನೆಲ್ಲ ಬರೆದುಕೊಳ್ಳುವುದು ಅವನ ಕೆಲಸ. ಹೂಳುವುದೋ ಸುಡುವುದೋ ಎಲ್ಲ ಅದಾದ ಮೇಲೆ. ನಾಯಕ ಎದುರಿಗೆ ಬಂದು ನಿಂತರೆ ಅವನಿಗೆ ಆಶ್ಚರ್ಯ ಆಗುವುದಿಲ್ಲ. ಈ ಹೆಣ ಮತ್ತೆ ಮತ್ತೆ ಬಂದು ಮತ್ತೆ ಮತ್ತೆ ಎದ್ದು ಹೋಗಿರುವುದು ಅವನಿಗೆ ಗೊತ್ತು, ಯಾಕಂದರೆ ಬರೆದುಕೊಂಡವನು ಅವನೇ. ಕೂಗಿ ಕಾವಲಿನವರನ್ನು ಕರೆಯಬಹುದಿತ್ತು. ಕರೆಯುವುದಿಲ್ಲ. ಕೇಳಿದ್ದಕ್ಕೆ ಸಮಾಧಾನದಿಂದ ಉತ್ತರ ಕೊಡುತ್ತಾನೆ, ಕೆಮ್ಮು ಬಂದಾಗ ನಿಲ್ಲಿಸುತ್ತಾನೆ, ಮತ್ತೆ ಹೇಳುತ್ತಾನೆ.

ಡಸ್ಟ್‌ಮೆನ್ ತತ್ವ ನಮಗೆ ಮೊದಲು ಸಿಗುವುದು ಈ ಮುದುಕನ ಬಾಯಿಂದ. ಅದು ಇಷ್ಟು. ನಾವು ಬದುಕು ಅನ್ನುತ್ತಿರುವುದು ಬದುಕೇ ಅಲ್ಲ. ನಾವೆಲ್ಲ ಆಗಲೇ ಸತ್ತಿದ್ದೇವೆ. ಇದು ಬರೀ ನೆರಳು, ಅದಕ್ಕೇ ಇಲ್ಲಿ ಇಷ್ಟು ನೋವು. ಆಸೆ, ಸಿಟ್ಟು, ಮೋಹ ನಮ್ಮನ್ನು ಈ ಅರೆಬರೆ ಸ್ಥಿತಿಗೆ ಕಟ್ಟಿಹಾಕಿವೆ. ಅವನ್ನು ಕಳಚುತ್ತ ಹೋದರೆ ಕೊನೆಗೆ ‘ನಿಜವಾದ ಸಾವು’ ಸಿಗುತ್ತದೆ. ಅಲ್ಲಿ ಎಲ್ಲ ನಿಲ್ಲುತ್ತದೆ. ಹಾಗಾಗಿ ಸತ್ತರೂ ಸಾಯದ ನಮ್ಮ ನಾಯಕ ಅವರ ಕಣ್ಣಿಗೆ ಗುರಿಯಿಂದ ಅತಿ ದೂರ ಇರುವ ಬಡಪಾಯಿ.

ಆಸೆ ಬಿಡು ಅನ್ನುವ ಮಾತು ನಮ್ಮ ಭಾಗಕ್ಕೆ ಹೊಸದಲ್ಲ. ಭೀಮಾ ದಂಡೆಯ ಸನ್ನತಿ ಹತ್ತಿರ ಕನಗನಹಳ್ಳಿಯಲ್ಲಿ ಸ್ತೂಪ ಇದೆ, ‘ರಾಯ ಅಸೋಕೋ’ ಅಂತ ಹೆಸರು ಕೊರೆದ ಅಶೋಕನ ಕಲ್ಲು ಅಲ್ಲಿ ಸಿಕ್ಕಿತು. ಬುದ್ಧನೂ ಆಸೆಯೇ ದುಃಖದ ಬೇರು ಅಂದವನು. ಆದರೆ ಅವನ ದಾರಿಯಲ್ಲಿ ಕರುಣೆಗೆ ದೊಡ್ಡ ಜಾಗ ಇದೆ. ಡಸ್ಟ್‌ಮೆನ್ ಲೆಕ್ಕದಲ್ಲಿ ಕರುಣೆಯನ್ನೂ ಒಂದು ದಿನ ಕಳಚಬೇಕು. ಇಲ್ಲೇ ಆಟ ಬರೆದವರ ಜಾಣತನ ಇರುವುದು. ತತ್ವ ಇಷ್ಟು ಒಣ, ಅದನ್ನು ಹೇಳುವ ಮುದುಕ ಮಾತ್ರ ಇಷ್ಟು ಮೃದು. ಅವನು ತನ್ನ ತತ್ವವನ್ನು ಪೂರಾ ಪಾಲಿಸಿಲ್ಲವೋ, ಅಥವಾ ಪಾಲಿಸಿದ್ದರಿಂದಲೇ ಹೀಗೆ ಮೃದುವಾದನೋ? ಆಟ ಹೇಳುವುದಿಲ್ಲ. ನಾನು ಕೆಲಸಕ್ಕೆ ಹೋಗುವಾಗ ದಾರಿಯಲ್ಲೂ ಅದನ್ನೇ ಯೋಚಿಸಿದ್ದಿದೆ.

ಒಂದು ತತ್ವಶಾಲೆಯನ್ನು ಕಲ್ಪಿಸಿ ಬರೆಯುವುದು ದೊಡ್ಡ ಮಾತೇನಲ್ಲ. ಒಬ್ಬ ಗುರು, ನಾಲ್ಕು ಗಂಭೀರ ಮಾತು, ಒಂದು ಗುರುತಿನ ಬಟ್ಟೆ ಇದ್ದರೆ ಆಯಿತು. ಬಹಳ ಆಟಗಳಲ್ಲಿ ಅಷ್ಟೇ ಇರುತ್ತದೆ. ಅಂಥ ಶಾಲೆಯನ್ನು ನಾನು ನಂಬುವುದಿಲ್ಲ. ಬೆಳಗ್ಗೆ ಎದ್ದು ಅಲ್ಲಿನವರು ಏನು ಮಾಡುತ್ತಾರೆ? ದುಡ್ಡು ಎಲ್ಲಿಂದ ಬರುತ್ತದೆ? ಯಾರು ಲೆಕ್ಕ ಬರೆಯುತ್ತಾರೆ? ಇವು ಗೊತ್ತಾದರೆ ಮಾತ್ರ ಅದು ನನಗೆ ಶಾಲೆ ಅನ್ನಿಸುವುದು.

ಚಿತ್ತಾಪುರದ ಹತ್ತಿರ ನಾಗಾವಿ ಇದೆ. 11ನೇ ಶತಮಾನದಲ್ಲಿ ಅಲ್ಲಿ ಘಟಿಕಾಸ್ಥಾನ ಇತ್ತು, ದೊಡ್ಡ ವಿದ್ಯಾಕೇಂದ್ರ. ಈಗ ಹೋದರೆ ಅರವತ್ತು ಕಂಬದ ಗುಡಿ ಮತ್ತು ಕಲ್ಲುಗಳು ಕಾಣುತ್ತವೆ. ಆದರೆ ಅಲ್ಲಿನ ಶಾಸನದಲ್ಲಿ ಕಲಿಸುವವರು, ಕಲಿಯುವವರ ಜೊತೆಗೆ ‘ಸರಸ್ವತಿ ಭಂಡಾರಿಗರ’ ಪ್ರಸ್ತಾಪವೂ ಇದೆ. ಅಂದರೆ ಪುಸ್ತಕ ಭಂಡಾರ ನೋಡಿಕೊಳ್ಳುವವರು. ಅವರಿಗೂ ಅಲ್ಲಿ ಪಾಲು ಇತ್ತು. ಆ ಒಂದು ಸಾಲು ಗೊತ್ತಾದ ಮೇಲೆ ನನಗೆ ಆ ಗುಡಿಯೊಳಗೆ ಜನ ಓಡಾಡುವುದು ಕಂಡಂತಾಯಿತು. ಬೀದರಿನಲ್ಲಿ ಮಹಮೂದ್ ಗಾವಾನ್ 1472ರಲ್ಲಿ ಕಟ್ಟಿಸಿದ ಮದರಸಾ ನೋಡಿದಾಗಲೂ ಅಲ್ಲಿನ ಗ್ರಂಥಗಳನ್ನು ಯಾರು ಜೋಡಿಸಿಡುತ್ತಿದ್ದರು ಅನ್ನುವುದೇ ನನ್ನ ಪ್ರಶ್ನೆ. ಬಸವಕಲ್ಯಾಣದ ಶರಣರಲ್ಲಂತೂ ಹೆಸರಿನ ಮುಂದೆಯೇ ಕಾಯಕ ಇದೆ: ಅಂಬಿಗರ ಚೌಡಯ್ಯ, ಮಡಿವಾಳ ಮಾಚಯ್ಯ, ಮೇದಾರ ಕೇತಯ್ಯ. ಏನು ಕೆಲಸ ಮಾಡುತ್ತೀ ಅನ್ನುವುದು ಅಲ್ಲಿ ತತ್ವದಿಂದ ಬೇರೆ ಇರಲಿಲ್ಲ. ಇದನ್ನು ಕೇಳಿಕೊಂಡೇ ಬೆಳೆದವರಿಗೆ ದಾಲ್ ಹೊರಗಿನವನಂತೆ ಕಾಣುವುದಿಲ್ಲ.

ಶವಾಗಾರದಿಂದ ಹೊರಗೆ ಬಂದರೆ ಹೈವ್ ಅನ್ನುವ ಬಡವರ ಕೇರಿ. ಅಲ್ಲಿ ಬೀದಿಯಲ್ಲಿ ಬಿದ್ದ ಹೆಣ ಎತ್ತಿ ಡಸ್ಟ್‌ಮೆನ್‌ಗೆ ಮಾರುವ ಜನ ಇದ್ದಾರೆ. ಅದೇ ಅವರ ಹೊಟ್ಟೆಪಾಡು. ಡಸ್ಟ್‌ಮೆನ್ ಸೇರುವ ಒಂದು ಹೆಂಡದಂಗಡಿಯೂ ಇದೆ, ‘ಗ್ಯಾದರಿಂಗ್ ಡಸ್ಟ್’ ಅಂತ. ನೀವೂ ಈ ಪಂಥಕ್ಕೆ ಸೇರಬೇಕೆಂದರೆ ಅಲ್ಲಿ ಎಮೋರಿಕ್ ಅನ್ನುವವನನ್ನು ಕಾಣಬೇಕು. ಸೇರುತ್ತೇನೆ ಅಂದ ತಕ್ಷಣ ಸೇರಿಸಿಕೊಳ್ಳುವುದಿಲ್ಲ, ಮೊದಲು ಕೆಲಸ. ಅದೇ ಅಂಗಡಿಯಲ್ಲಿ ಸೆರೆ ಅನ್ನುವ ಹೆಂಗಸು ಕೂತಿದ್ದಾಳೆ. ಪಂಥದವಳೇ, ಆದರೆ ತತ್ವದ ಮೇಲೆ ಅನುಮಾನ ಹುಟ್ಟಿದೆ. ಅವಳ ಜೊತೆ ವಾದ ಮಾಡಬಹುದು. ಸಾವಿಗೆ ಕಾಯುತ್ತ ಕೂತ ಇನ್ನೊಬ್ಬನಿದ್ದಾನೆ, ಅವನಿಗೆ ನೀವು ಏನು ಹೇಳುತ್ತೀರಿ ಅನ್ನುವುದು ನಿಮಗೆ ಬಿಟ್ಟದ್ದು. ನಾನು ಅವನ ಮುಂದೆ ಬಹಳ ಹೊತ್ತು ಉತ್ತರ ಒತ್ತದೆ ಕೂತೆ.

ನನ್ನನ್ನು ಹಿಡಿದು ನಿಲ್ಲಿಸಿದ್ದು ಮಾತ್ರ ಮೋರ್ಟಾಯ್ ಅನ್ನುವ ಏಜೆಂಟ್. ಇವನ ಕೈಯಲ್ಲಿ ಕರಾರುಪತ್ರಗಳಿವೆ. ಬಡವ ಬದುಕಿರುವಾಗಲೇ ಒಂದಿಷ್ಟು ದುಡ್ಡು ತಗೊಂಡು ಸಹಿ ಹಾಕುತ್ತಾನೆ. ಸತ್ತ ಮೇಲೆ ಅವನ ಹೆಣ ಡಸ್ಟ್‌ಮೆನ್‌ದು. ಅದನ್ನು ಎಬ್ಬಿಸಿ, ತುಟಿ ಹೊಲಿದು, ದುಡಿಸುತ್ತಾರೆ. ಅಲ್ಲಿ ಒಳಗೆ ನಂಬರ್ ಹೊತ್ತು ಓಡಾಡುತ್ತಿದ್ದವರು ಎಲ್ಲಿಂದ ಬಂದರು ಅನ್ನುವುದು ನನಗೆ ಆಗ ಗೊತ್ತಾಯಿತು. ಆಂಗ್ಯಾರ್ ಅನ್ನುವವನು ಹೀಗೆ ಸಹಿ ಹಾಕಿ, ಈಗ ಅದೇ ಚಿಂತೆಯಲ್ಲಿ ಕೊರಗುತ್ತಿದ್ದಾನೆ. ನೀವು ಮೋರ್ಟಾಯ್ ಹತ್ತಿರ ಹೋಗಿ ಆ ಕಾಗದ ಬಿಡಿಸಿಕೊಂಡು ಬರಬಹುದು. ಅಷ್ಟೇ ಸಲೀಸಾಗಿ ನಿಮ್ಮದೇ ಹೆಣವನ್ನು ಮಾರಿಕೊಳ್ಳಲೂಬಹುದು.

ನಮ್ಮ ಕಡೆಯ ಹಿರಿಯರಿಗೆ ಜೀತ ಅಂದರೆ ಏನು ಅಂತ ಬಿಡಿಸಿ ಹೇಳಬೇಕಿಲ್ಲ. 1976ರಲ್ಲಿ ಅದನ್ನು ನಿಲ್ಲಿಸುವ ಕಾಯ್ದೆ ಬಂತು. ಅದಕ್ಕೂ ಮೊದಲು ಅಪ್ಪ ಮಾಡಿದ ಸಾಲಕ್ಕೆ ಮಗ ದುಡಿಯುತ್ತಿದ್ದ. ಸಾವೂ ಸಾಲವನ್ನು ಮುಗಿಸುತ್ತಿರಲಿಲ್ಲ. ಆ ಕರಾರುಪತ್ರ ನೋಡಿದಾಗ ನನಗೆ ನೆನಪಾದದ್ದು ಅದೇ. ಆಸೆ ಬಿಡಿ, ಈ ಲೋಕ ಬರೀ ನೆರಳು ಅನ್ನುವ ಪಂಥಕ್ಕೆ ಬಡವನ ಬೆನ್ನಿನ ಮೇಲೆ ಇಷ್ಟು ಆಸೆ ಯಾಕೆ? ನಾಳೆ ರೊಟ್ಟಿಗೆ ಹಿಟ್ಟಿಲ್ಲದವನಿಗೆ ಸಹಿ ಹಾಕು ಅನ್ನುವುದು ಯಾವ ತತ್ವ? ಎಲ್ಲರೂ ಸತ್ತವರೇ ಅಂತ ನಂಬಿದರೆ ಯಾರನ್ನು ದುಡಿಸಿದರೂ ತಪ್ಪಿಲ್ಲ ಅನ್ನುವ ಕಡೆಗೆ ಮನಸ್ಸು ಎಷ್ಟು ಬೇಗ ಜಾರುತ್ತದೆ ನೋಡಿ. ಆಟ ಇದನ್ನು ಉಪದೇಶ ಮಾಡಿ ಹೇಳುವುದಿಲ್ಲ. ಮೊದಲು ದಾಲ್‌ನ ಮೆತ್ತಗಿನ ಮಾತು ಕೇಳಿಸುತ್ತದೆ, ಆಮೇಲೆ ಕಾಗದ ಕೈಗೆ ಕೊಡುತ್ತದೆ. ಎರಡೂ ಒಂದೇ ಶಾಲೆಯವು. ನಾನು ಕಾಗದ ಬಿಡಿಸಿಕೊಂಡು ಬಂದೆ, ಪಂಥಕ್ಕೆ ಸೇರಲಿಲ್ಲ. ಅಣ್ಣನ ಮಗ ಸೇರಿದ. ಅವನ ಆಟದಲ್ಲಿ ಅವನಿಗೆ ಶವಾಗಾರದೊಳಗೆ ಓಡಾಡಲು ತಡೆ ಇಲ್ಲ. ಅದರ ಮೇಲೆ ನಮ್ಮಿಬ್ಬರಿಗೂ ಊಟದ ಹೊತ್ತಲ್ಲಿ ಜೋರು ಚರ್ಚೆಯಾಯಿತು. “ಅತ್ತಿ, ಅವ್ರು ಇಲ್ದಿದ್ರ ಹೆಣಾ ಬೀದ್ಯಾಗೇ ಬಿದ್ದಿರ್ತಾವ. ಯಾರ್ ಎತ್ತಬೇಕು?” ಅಂದ. ಅದು ಸುಳ್ಳಲ್ಲ.

ನಮ್ಮ ಕಚೇರಿಗೆ ಒಬ್ಬ ಚಾಚಾ ಬರುತ್ತಾರೆ. ಖಬರಸ್ತಾನ ನೋಡಿಕೊಳ್ಳುವವರು. ಮನೆಯಲ್ಲಿ ಸತ್ತವರ ಅರ್ಜಿಗೆ ಮಣ್ಣು ಮಾಡಿದ ಚೀಟಿ ಬೇಕಾದಾಗ ಮನೆಯವರ ಜೊತೆ ಅವರೂ ಬಂದಿರುತ್ತಾರೆ. ಅಂಗಿಯ ಜೇಬಿನಲ್ಲಿ ಒಂದು ಉದ್ದನೆಯ ನೋಟ್‌ಬುಕ್, ಮೂಲೆಗಳೆಲ್ಲ ಮಡಚಿ ಮೆತ್ತಗಾಗಿವೆ. ಉರ್ದುವಿನಲ್ಲಿ ಹೆಸರು, ತಾರೀಖು, ಯಾವ ಮರದ ಬದಿ ಅಂತ ಬರೆದಿರುತ್ತಾರೆ. ಮರ ಬರೆಯುವುದು ಯಾಕೆ ಅಂದರೆ, ಊರು ಬಿಟ್ಟು ಹೋದ ಮಗ ಹತ್ತಾರು ವರ್ಷ ಆದ ಮೇಲೆ ಬಂದು ಅಪ್ಪನ ಗೋರಿ ಎಲ್ಲಿ ಅಂತ ಕೇಳುತ್ತಾನೆ. ಅವರಿಗೆ ಒಂದು ಸಲ ಈ ಆಟದ ದಾಲ್ ಬಗ್ಗೆ ಹೇಳಿದೆ. ಗಮನ ಇಟ್ಟು ಕೇಳಿದರು. “ಬೇಟಿ, ಅವನು ಬರೆಯೋದೇನೋ ಬರೀತಾನ. ಯಾರಾದ್ರೂ ಬಂದು ಕೇಳ್ತಾರೇನು?” ಅಂದರು. ಆ ಪ್ರಶ್ನೆ ನನಗೆ ಹೊಳೆದೇ ಇರಲಿಲ್ಲ. ಆಟದಲ್ಲಿ ಬಂದು ಕೇಳುವವನು ಸತ್ತವನೇ. ತನ್ನದೇ ದಾಖಲೆ ಹುಡುಕಿಕೊಂಡು ತಾನೇ ಬಂದು ಗುಮಾಸ್ತನ ಮುಂದೆ ನಿಲ್ಲುತ್ತಾನೆ. ಚಾಚಾ ಕೇಳಿದ ಮೇಲೆ ಆ ದೃಶ್ಯ ನನಗೆ ಇನ್ನೂ ದೊಡ್ಡದಾಗಿ ಕಂಡಿತು.

ಈಗ ಇನ್ನೊಂದು ಶಾಲೆ. ಇದು 15 ಪಂಥಗಳಲ್ಲಿ ಸೇರಿದ್ದಲ್ಲ. ಡಾಕನ್ ಅನ್ನುವ ಮುದಿ ಕತ್ತಿಯಾಳು ನಿಮ್ಮ ಜೊತೆಗೂಡುತ್ತಾನೆ. ಗಿತ್‌ಝೆರಾಯ್ ಅನ್ನುವ ಕುಲದವನು. ಈ ಕುಲದ ಹಿರಿಯರು ಒಂದು ಕಾಲಕ್ಕೆ ಬೇರೆಯವರ ಗುಲಾಮರು. ಗಿತ್ ಅನ್ನುವ ನಾಯಕಿ ದಂಗೆ ಎಬ್ಬಿಸಿ ಬಿಡುಗಡೆ ತಂದಳು. ಗೆದ್ದ ಮೇಲೆ ಅವಳು ಯುದ್ಧ ನಿಲ್ಲಿಸಲು ಒಪ್ಪಲಿಲ್ಲ, ಎಲ್ಲ ಲೋಕ ಗೆಲ್ಲೋಣ ಅಂದಳು. ಝೆರ್ತಿಮಾನ್ ಅನ್ನುವವನು ಎದ್ದು ನಿಂತು ಬಿಡುಗಡೆ ಸಿಕ್ಕಿತು, ಇನ್ನು ಸಾಕು ಅಂದ. ಅಲ್ಲಿಗೆ ಒಂದೇ ಜನ ಎರಡಾಗಿ ಒಡೆಯಿತು. ಝೆರ್ತಿಮಾನ್‌ನ ಹಿಂದೆ ಹೋದವರು ಲಿಂಬೋ ಅನ್ನುವ ಜಾಗದಲ್ಲಿ ನೆಲೆಸಿದರು. ಅಲ್ಲಿ ನೆಲವೂ ಇಲ್ಲ, ನೀರೂ ಇಲ್ಲ, ಎಲ್ಲ ಕಲಸಿಹೋಗಿದೆ. ಮನಸ್ಸು ಗಟ್ಟಿ ಇದ್ದರೆ ಆ ಕಲಸಿನಿಂದಲೇ ಊರು ಕಟ್ಟಬಹುದು, ಮನಸ್ಸು ಸಡಿಲಾದರೆ ಊರೂ ಕರಗುತ್ತದೆ. ಹಾಗಾಗಿ ಆ ಜನರಿಗೆ ತತ್ವ ಅನ್ನುವುದು ಪುರುಸೊತ್ತಿನ ಮಾತಲ್ಲ, ಕಾಲ ಕೆಳಗಿನ ನೆಲವೇ ಅದು.

ಡಾಕನ್ ಹತ್ತಿರ ಕಲ್ಲಿನ ಒಂದು ಬಿಲ್ಲೆ ಇದೆ, ‘ಅನ್‌ಬ್ರೋಕನ್ ಸರ್ಕಲ್’. ಒಂದರೊಳಗೊಂದು ಕೂತ ಬಳೆಗಳು. ಸರಿಯಾಗಿ ತಿರುಗಿಸಿದರೆ ಒಂದು ಫಲಕ ಬಿಚ್ಚಿಕೊಳ್ಳುತ್ತದೆ, ಅದರಲ್ಲಿ ಝೆರ್ತಿಮಾನ್‌ನ ಒಂದು ಕಥೆ. ನೀವು ಓದಬೇಕು. ಓದಿ ಮುಗಿಸಿದ ಮೇಲೆ ಡಾಕನ್ ಕೇಳುತ್ತಾನೆ: ಏನು ತಿಳಿಯಿತು? ಇಲ್ಲಿ ಕಥೆಯನ್ನು ಹಾಗೇ ಒಪ್ಪಿಸಿದರೆ ಅವನು ಒಪ್ಪುವುದಿಲ್ಲ. ಅದರ ಒಳಗಿನದನ್ನು ಹೇಳಬೇಕು. ಒಪ್ಪಿದರೆ ಮುಂದಿನ ಬಳೆ ತಿರುಗಿಸುವುದನ್ನು ಕಲಿಸುತ್ತಾನೆ. ಒಂದು ಹಂತದಲ್ಲಿ ಅವನಿಗೇ ಮುಂದಿನದು ಗೊತ್ತಿರುವುದಿಲ್ಲ. ಆಗ ಶಿಷ್ಯನೇ ಬಿಲ್ಲೆ ತಗೊಂಡು ತಿರುಗಿಸುತ್ತಾನೆ, ಫಲಕ ಬಿಚ್ಚಿಕೊಳ್ಳುತ್ತದೆ, ಗುರು ನೋಡುತ್ತ ಕೂರುತ್ತಾನೆ. ಆ ಮುದುಕನ ಮನಸ್ಸಿನೊಳಗೆ ಎಂಥ ಬಿರುಕು ಇದೆ ಅನ್ನುವುದು ನಿಧಾನಕ್ಕೆ ಕಾಣುತ್ತದೆ. ಝೆರ್ತಿಮಾನ್ ನಿಜಕ್ಕೂ ಜನರ ಒಳಿತಿಗೇ ‘ಇನ್ನು ಸಾಕು’ ಅಂದನಾ ಅನ್ನುವ ಅನುಮಾನ ಅವನಿಗೆ. ಅವನ ಕತ್ತಿ ಮನಸ್ಸಿನ ಜೊತೆ ಆಕಾರ ಬದಲಿಸುವಂಥದ್ದು, ಹಾಗಾಗಿ ಅನುಮಾನವನ್ನು ಅವನು ಮುಚ್ಚಿಡಲೂ ಆಗದು. ಈ ಬಿಲ್ಲೆ ಅವನ ಕೈಗೆ ಹೇಗೆ ಬಂತು, ಯಾಕೆ ಬಂತು ಅನ್ನುವುದನ್ನು ನಾನು ಹೇಳುವುದಿಲ್ಲ. ಅದನ್ನು ನೀವೇ ಕಂಡುಕೊಳ್ಳಬೇಕು. ನನಗಂತೂ ಅವತ್ತು ಲ್ಯಾಪ್‌ಟಾಪ್ ಮುಚ್ಚಿ ಎದ್ದು ಓಡಾಡಬೇಕು ಅನ್ನಿಸಿತು.

ಉಳಿದ ಪಂಥಗಳ ಬಗ್ಗೆ ಬೇಗ ಹೇಳಿಬಿಡುತ್ತೇನೆ. ಗಾಡ್ಸ್‌ಮೆನ್ ಅನ್ನುವವರದು ಕುಲುಮೆ. ಯಾರು ಬೇಕಾದರೂ ಪರೀಕ್ಷೆಗಳನ್ನು ದಾಟಿ ದೇವರ ಮಟ್ಟಕ್ಕೆ ಏರಬಹುದು ಅನ್ನುವುದು ಅವರ ನಂಬಿಕೆ, ಆದರೆ ಸೇರಲು ಬಂದವನು ಮೊದಲು ಕಬ್ಬಿಣ ಬಡಿಯಬೇಕು. ನನಗೆ ಬಹಳ ಹಿಡಿಸಿತು. ಮೆಬೆತ್ ಅನ್ನುವ ಸೂಲಗಿತ್ತಿಯೂ ಹಾಗೇ, ವಿದ್ಯೆ ಕಲಿಸು ಅಂದವನಿಗೆ ಮೊದಲು ಮನೆಗೆಲಸ ಹೇಳುತ್ತಾಳೆ. ಅನುಭವವೇ ಸತ್ಯ ಅನ್ನುವ ಸೆನ್ಸೇಟರು ಗುಮಾಸ್ತರ ವಾರ್ಡ್ ಅಂತಲೇ ಹೆಸರಿರುವ ಕೇರಿಯಲ್ಲಿದ್ದಾರೆ. ಅವರು ಒಬ್ಬರ ಅನುಭವವನ್ನು ಕಲ್ಲಿನಲ್ಲಿ ತುಂಬಿಡುತ್ತಾರೆ. ಮುಟ್ಟಿದರೆ ಆ ನೋವು, ಆ ಸುಖ ನಿಮ್ಮದಾಗುತ್ತದೆ. ಡಿಯೊನಾರಾ ಅನ್ನುವ ಹೆಣ್ಣುಮಗಳ ಕಲ್ಲು ಒಂದಿದೆ. ಅವಳು ಪ್ರೀತಿಸಿದವನು ಅವಳನ್ನು ಬಳಸಿಕೊಳ್ಳುತ್ತಿದ್ದಾನೆ. ಅದನ್ನು ಮುಟ್ಟಿದಾಗ ಅವಳ ಪ್ರೀತಿಯೂ ಅವನ ಲೆಕ್ಕಾಚಾರವೂ ಒಟ್ಟಿಗೆ ಒಳಗೆ ಬರುತ್ತವೆ. ಹೆಂಗಸರೆಲ್ಲ ಆ ಒಂದು ಜಾಗಕ್ಕಾದರೂ ಈ ಆಟ ಆಡಬೇಕು ಅನ್ನುತ್ತೇನೆ.

ಕೊರತೆಗಳು. ಹೊಡೆದಾಟ ಕೆಟ್ಟದಾಗಿದೆ. ಮೌಸ್ ಒತ್ತಿ ಸುಮ್ನೆ ನೋಡುತ್ತ ಕೂರುವುದು, ಅಷ್ಟೇ. ಆಟದ ಕೊನೆಯ ಭಾಗದಲ್ಲಿ, ಸಿಗಿಲ್ ಬಿಟ್ಟು ಕರ್ಸ್ಟ್ ಅನ್ನುವ ಊರಿಗೆ ಹೋದ ಮೇಲೆ, ಮಾತು ಕಮ್ಮಿಯಾಗಿ ಈ ಹೊಡೆದಾಟವೇ ಜಾಸ್ತಿಯಾಗುತ್ತದೆ. ಅವಸರದಲ್ಲಿ ಮುಗಿಸಿದ ಹಾಗೆ ಕಾಣುತ್ತದೆ. ಕಟ್ಟಕಡೆಗೆ ಮತ್ತೆ ಹದಕ್ಕೆ ಬರುತ್ತದೆ, ಅಲ್ಲಿವರೆಗೆ ತಾಳ್ಮೆ ಬೇಕು. ಹೆಂಗಸರ ಚಿತ್ರಗಳಿಗೆ ಹಾಕಿದ ಬಟ್ಟೆ ನೋಡಿದರೆ ಬೇಜಾರಾಗುತ್ತದೆ. ಮಾತಿನಲ್ಲಿ ಅಷ್ಟು ಗೌರವ, ಚಿತ್ರದಲ್ಲಿ ಅದಿಲ್ಲ. ಕಾಲೇಜಿಗೆ ಹೋಗುವ ಹುಡುಗಿಗೆ ಇದನ್ನು ತೋರಿಸುವಾಗ ನನಗೆ ಇರುಸುಮುರುಸಾಯಿತು. ನಡೆದಾಟ ನಿಧಾನ, ಅದೇ ಬೀದಿಯಲ್ಲಿ ಹತ್ತು ಸಲ ಓಡಾಡಬೇಕು.

ಇಂಗ್ಲಿಷ್ ಬಗ್ಗೆಯೂ ಹೇಳಬೇಕು. ಕನ್ನಡ ಇಲ್ಲ. ಬೀದಿಯ ಜನ ಆಡುವುದು ಲಂಡನ್ನಿನ ಹಳೇ ಕಳ್ಳರ ಭಾಷೆಯಿಂದ ತೆಗೆದ ಪದಗಳು. ಶುರುವಿನಲ್ಲಿ ಅರ್ಧ ಅರ್ಥವಾಗುವುದಿಲ್ಲ. ನಾನು ಕನ್ನಡ ಮೀಡಿಯಂನಲ್ಲಿ ಓದಿದವಳು. ಅಣ್ಣನ ಮಗ ಪಕ್ಕದಲ್ಲಿ ಕೂತು ಓದುತ್ತಿದ್ದ, ನಾನು ಗೊತ್ತಾಗದ್ದನ್ನು ಫೋನಿನಲ್ಲಿ ಹುಡುಕುತ್ತಿದ್ದೆ. ಶವಾಗಾರ ದಾಟಿ ಹೈವ್‌ನಲ್ಲಿ ಓಡಾಡುವಷ್ಟರಲ್ಲಿ ಆ ಮಾತು ಕಿವಿಗೆ ಹೊಂದುತ್ತದೆ. ಇಬ್ಬರು ಸೇರಿ ಆಡುವುದೇ ಚೆನ್ನ. ಒಬ್ಬರು ಓದಬೇಕು, ಒಬ್ಬರು ಉತ್ತರ ಆರಿಸಬೇಕು. ಜಗಳ ಆಗುತ್ತದೆ, ಆಗಲಿ.

ಕೊಳ್ಳುವವರಿಗೆ ಒಂದಿಷ್ಟು ಮಾಹಿತಿ. ಗೇಮ್ ಮಾರುವ ವೆಬ್‌ಸೈಟುಗಳಾದ ಸ್ಟೀಮ್, ಜಿಒಜಿ ಎರಡರಲ್ಲೂ ಸಿಗುತ್ತದೆ, ಆಂಡ್ರಾಯ್ಡ್ ಮತ್ತು ಐಫೋನ್‌ಗೂ ಇದೆ. ಸೇಲ್ ಇದ್ದಾಗ ಬೆಲೆ ಬಹಳ ಇಳಿಯುತ್ತದೆ, ಕಾದು ತಗೊಳ್ಳಿ. ದೊಡ್ಡ ಕಂಪ್ಯೂಟರ್ ಬೇಕಿಲ್ಲ. ಕಚೇರಿ ಕೆಲಸಕ್ಕೆ ತಗೊಂಡ ಹಳೇ ಲ್ಯಾಪ್‌ಟಾಪಿನಲ್ಲೂ ಓಡುತ್ತದೆ. ಏಪ್ರಿಲ್, ಮೇ ತಿಂಗಳ ನಮ್ಮ ಬಿಸಿಲಲ್ಲಿ ಮಧ್ಯಾಹ್ನ ಲ್ಯಾಪ್‌ಟಾಪ್ ಕಾದು ಫ್ಯಾನ್ ಕಿರುಚುವಾಗಲೂ ಇದು ನಿಂತಿಲ್ಲ. ಫೋನಿನಲ್ಲಿ ಅಕ್ಷರ ಸಣ್ಣ, ಇಷ್ಟು ಓದುವಾಗ ಕಣ್ಣು ನೋಯುತ್ತದೆ. ಟ್ಯಾಬ್ ಇದ್ದರೆ ಸರಿ.

ಶುರುವಿನಲ್ಲಿ ನಾಯಕನಿಗೆ ಗುಣಗಳನ್ನು ಹಂಚುವಾಗ ಶಕ್ತಿಗೆ ಅಂಕ ಹಾಕಬೇಡಿ. ‘ವಿಸ್ಡಮ್’ಗೆ ಹಾಕಿ, ಆಮೇಲೆ ‘ಇಂಟೆಲಿಜೆನ್ಸ್’ಗೆ. ಇವು ಕಮ್ಮಿ ಇದ್ದರೆ ಒಳ್ಳೆಯ ಮಾತುಗಳು ಪರದೆಯ ಮೇಲೆ ಬರುವುದೇ ಇಲ್ಲ. ಡಾಕನ್‌ನ ಬಿಲ್ಲೆ ಪೂರ್ತಿ ಬಿಚ್ಚುವುದಕ್ಕೂ ಇದೇ ಬೇಕು. ಶವಾಗಾರದಿಂದ ಓಡಿಹೋಗುವ ಅವಸರ ಮಾಡಬೇಡಿ. ಬಾಗಿಲು ಸಿಕ್ಕ ತಕ್ಷಣ ಹೊರಗೆ ಬಿದ್ದವರು ಬಹಳ ಜನ ಇದ್ದಾರೆ, ಅವರಿಗೆ ದಾಲ್ ಸಿಗುವುದೇ ಇಲ್ಲ. ಅವನನ್ನು ಹುಡುಕಿ, ಕೇಳಬೇಕಾದ್ದೆಲ್ಲ ಕೇಳಿ, ಅವನು ಕೆಮ್ಮಿ ಮುಗಿಸುವವರೆಗೆ ಕಾಯಿರಿ. ಮುಂದೆ ನೆಲದಡಿಯ ‘ಡೆಡ್ ನೇಶನ್ಸ್’ನಲ್ಲಿ ಸ್ಟೇಲ್ ಮೇರಿ ಅನ್ನುವವಳು ಸತ್ತವರ ಜೊತೆ ಮಾತಾಡುವ ವಿದ್ಯೆ ಕಲಿಸುತ್ತಾಳೆ. ಅದನ್ನು ಕಲಿತುಕೊಂಡು ಮತ್ತೆ ಶವಾಗಾರಕ್ಕೆ ಹೋಗಿ, ನಂಬರ್ ಹೊತ್ತವರನ್ನು ಮಾತಾಡಿಸಿ ನೋಡಿ. ದೊಡ್ಡ ಉತ್ತರ ಆರಿಸುವ ಮೊದಲು ಬೇರೆ ಬೇರೆ ಹೆಸರಿನಲ್ಲಿ ಸೇವ್ ಮಾಡಿಟ್ಟುಕೊಳ್ಳಿ, ಒಂದೇ ಸೇವ್ ಮೇಲೆ ಮತ್ತೆ ಮತ್ತೆ ಬರೆಯಬೇಡಿ.